ಒಡೆದ ಬಳೆಯಿಂದ ಎದ್ದ ಊರು

ಮದುವೆ ಮನೆಯ ಗೌಜಿ ಮುಗಿದ ಮೇಲೆ ಗುಡಿಸುವಾಗ ಒಡೆದ ಗಾಜಿನ ಬಳೆಗಳು ಎಷ್ಟು ಸಿಗುತ್ತವೆ ನೋಡಿ. ಕೈಜಾರಿ ಬಿದ್ದ ಪಿಂಗಾಣಿ ಬಸಿಗಳ ಲೆಕ್ಕವಂತೂ ಕೇಳುವುದೇ ಬೇಡ. ಮಕ್ಕಳ ಕಾಲಿಗೆ ಚುಚ್ಚೀತು ಅಂತ ಬೇಗ ಬೇಗ ಬಾಚಿ ಹೊರಗೆ ಹಾಕುತ್ತೇವೆ. ಇಂಥದ್ದನ್ನೇ ಹೆಕ್ಕಿ ತಂದು, ಯಾರಿಗೂ ಹೇಳದೆ ಒಂದು ಊರನ್ನೇ ಕಟ್ಟಿದವರು ಚಂಡೀಗಢದ ನೇಕ್ ಚಂದ್ ಸೈನಿ.

1924ರಲ್ಲಿ ಅವರು ಹುಟ್ಟಿದ ಹಳ್ಳಿ ಈಗ ಪಾಕಿಸ್ತಾನದಲ್ಲಿದೆ. 1947ರ ವಿಭಜನೆಯಲ್ಲಿ ಕುಟುಂಬ ಎಲ್ಲ ಬಿಟ್ಟು ಈಚೆ ಬಂತು. ಮುಂದೆ ಚಂಡೀಗಢದಲ್ಲಿ ರಸ್ತೆ ಇನ್‌ಸ್ಪೆಕ್ಟರ್ ಕೆಲಸ. ಹೊಸ ನಗರಕ್ಕಾಗಿ ಅಲ್ಲಿನ ಹಳ್ಳಿಗಳನ್ನು ಕೆಡವಿದ ಕಾಲ ಅದು. ಊರು ಕಳಕೊಂಡು ಬಂದವರ ಕಣ್ಣಿಗೆ ಬೇರೆಯವರ ಊರಿನ ಮುರುಕು ಸಾಮಾನು ಬರೀ ಕಸವಾಗಿ ಕಾಣಲಿಲ್ಲವೋ ಏನೋ.

1957ರಿಂದ ಡ್ಯೂಟಿ ಮುಗಿಸಿ ಸೈಕಲಲ್ಲಿ ಕಲ್ಲು, ಹಂಚು, ಬಳೆ ಚೂರು ಹೊತ್ತು ಸುಖ್ನಾ ಕೆರೆಯ ಹತ್ತಿರದ ಕಾಡಿಗೆ ಹೋಗುತ್ತಿದ್ದರು. ರಾತ್ರಿ ಹಳೇ ಟಯರ್ ಸುಟ್ಟ ಬೆಳಕಲ್ಲೇ ಕೆಲಸ. ಹಳೇ ಸೈಕಲ್ ಫ್ರೇಮು ಬೊಂಬೆಯ ಎಲುಬು, ಅದರ ಮೇಲೆ ಸಿಮೆಂಟು, ಸಿಮೆಂಟಿನ ಮೇಲೆ ಬಳೆ ಚೂರಿನ ಬಣ್ಣದ ಅಂಗಿ. ಕಲಾಶಾಲೆಯ ಮೆಟ್ಟಿಲು ಹತ್ತಿದವರಲ್ಲ ಮಾರಾಯ್ರೆ! ಕುಣಿಯುವ ಹೆಂಗಸರು, ನೀರು ಹೊರುವವರು, ಕೋತಿಗಳು, ಸಾಲು ಸಾಲು ನಿಂತವು.

ಆದರೆ ಜಾಗ ಸರಕಾರದ್ದು. ಯಾರೂ ಏನೂ ಕಟ್ಟಬಾರದ ಕಾಡು. ಹದಿನೆಂಟು ವರ್ಷದ ನಂತರ ಗುಟ್ಟು ರಟ್ಟಾದಾಗ ಹನ್ನೆರಡು ಎಕರೆ ತುಂಬಿ ಹೋಗಿತ್ತು. ಕಾನೂನು ನೋಡಿದರೆ ಕೆಡವಲೇಬೇಕು. ನೋಡಲು ಬಂದ ಜನ ಬಿಡಲಿಲ್ಲ. 1976ರಲ್ಲಿ 'ರಾಕ್ ಗಾರ್ಡನ್' ಎಂಬ ಹೆಸರಲ್ಲಿ ಅದೇ ಜಾಗ ಸಾರ್ವಜನಿಕರಿಗೆ ತೆರೆಯಿತು. ಅತಿಕ್ರಮಣ ಮಾಡಿದವರಿಗೇ ಸಂಬಳ ಕೊಟ್ಟು, ಜೊತೆಗೆ ಐವತ್ತು ಜನ ಕೂಲಿಯವರನ್ನೂ ಕೊಟ್ಟರು! 1984ರಲ್ಲಿ ಪದ್ಮಶ್ರೀಯೂ ಬಂತು.

ಹಾಗಂತ ಕಷ್ಟ ತಪ್ಪಲಿಲ್ಲ. 1990ರ ಹೊತ್ತಿಗೆ ಒಂದು ಭಾಗ ಕೆಡವಲು ಬುಲ್ಡೋಜರ್ ಬಂದಾಗ ಊರಿನವರೇ ಅಡ್ಡ ನಿಂತು ತಡೆದರು. ಇಷ್ಟು ಜನ ಅದನ್ನು ತಮ್ಮದೆಂದುಕೊಂಡದ್ದು ಯಾಕೆ ಅಂತ ಕೇಳಿದರೆ, ನಮಗನಿಸುವುದು ಇಷ್ಟೇ: ಅಲ್ಲಿನ ಗೋಡೆಯಲ್ಲಿರುವ ಬಸಿ ಚೂರು ಯಾವುದೋ ಮನೆಯ ಅಡುಗೆಕೋಣೆಯದ್ದು. ನಗರದ ಹಲವೆಡೆ ಸಂಗ್ರಹ ಕೇಂದ್ರಗಳನ್ನು ಮಾಡಿ, ಒಡೆದ ಪಿಂಗಾಣಿ, ಹಳೇ ಬಟ್ಟೆ ತೆಗೆದುಕೊಳ್ಳುತ್ತಿದ್ದರು. ಬಟ್ಟೆ ಚಿಂದಿಯಿಂದಲೂ ಆಳೆತ್ತರದ ಬೊಂಬೆಗಳಾದವು.

ನೇಕ್ ಚಂದ್ 2015ರಲ್ಲಿ ತೀರಿಹೋದರು. ತೋಟ ಈಗ ಸುಮಾರು ನಲವತ್ತು ಎಕರೆ. ಚಂಡೀಗಢ ಕಡೆ ಹೋಗುವವರಿದ್ದರೆ ಅರ್ಧ ದಿನ ಇಟ್ಟುಕೊಳ್ಳಿ, ಮಕ್ಕಳನ್ನೂ ಕರಕೊಂಡು ಹೋಗಿ. ಒಳಗಿನ ಬಾಗಿಲುಗಳು ಬಹಳ ತಗ್ಗು, ತಲೆ ಜೋಪಾನ.