ಚೆಂಡನ್ನು ಹಿಡಿಯುವ ಹಕ್ಕು ಯಾರದು?

ಅಮೆರಿಕದಲ್ಲಿ ನೆಲೆಸಿದ ಮಕ್ಕಳ ಮನೆಗೆ ಹೋಗಿಬಂದ ಹಿರಿಯರು ಅಲ್ಲಿಯ ಫುಟ್‌ಬಾಲ್ ಆಟದ ಮಾತು ಬಂದರೆ ನಕ್ಕುಬಿಡುವುದುಂಟು. ಹೆಸರು ಕಾಲ್ಚೆಂಡು, ಆಡುವುದು ಹೆಚ್ಚಾಗಿ ಕೈಯಲ್ಲಿ. ಕಣ್ಣೆದುರಿಗೆ ಹಿಡಿದ ಚೆಂಡನ್ನೂ ಕೆಲವೊಮ್ಮೆ ಸಲ್ಲದೆಂದು ಬಿಡುತ್ತಾರೆ ಎಂಬುದು ಅವರ ದೂರು. ಈ ಎರಡನೆಯ ದೂರಿಗೆ ಸಮಾಧಾನ ಹೇಳುವುದು ಈ ಪುಟ್ಟ ಲೇಖನದ ಉದ್ದೇಶ.

2023ನೆಯ ಡಿಸೆಂಬರ್ 30ರಂದು ಟೆಕ್ಸಾಸಿನ ಆರ್ಲಿಂಗ್ಟನ್ನಿನಲ್ಲಿ ಡೆಟ್ರಾಯಿಟ್ ಮತ್ತು ಡಲ್ಲಾಸ್ ತಂಡಗಳ ಪಂದ್ಯ. ಆಟ ಮುಗಿಯಲು ಅರ್ಧ ನಿಮಿಷವೂ ಇಲ್ಲದಾಗ ಡೆಟ್ರಾಯಿಟ್ 19-20ಕ್ಕೆ ಬಂದು ಮುಟ್ಟಿತು. ಗೆಲ್ಲಲು ಎರಡು ಅಂಕಗಳ ಯತ್ನವೊಂದೇ ದಾರಿ. ಎಸೆದ ಚೆಂಡನ್ನು 68ನೆಯ ಸಂಖ್ಯೆಯ ಟೇಲರ್ ಡೆಕರ್ ಹಿಡಿದೇಬಿಟ್ಟ. ಗೆದ್ದೆವೆಂದು ತಂಡವೆಲ್ಲ ಕುಣಿಯಿತು. ಆದರೆ ಅಧಿಕಾರಿಗಳು ಹಳದಿ ಬಟ್ಟೆ ಎಸೆದಿದ್ದರು: ಅವನಿಗೆ ಹಿಡಿಯುವ ಹಕ್ಕಿಲ್ಲ!

ಇದೇಕೆ? ತಂಡಕ್ಕೆ ಹನ್ನೊಂದು ಜನ. ಚೆಂಡು ಪಡೆದ ತಂಡದ ಏಳು ಜನರಾದರೂ ಒಂದೇ ಸಾಲಿನಲ್ಲಿ ಎದುರಾಳಿಗಳಿಗೆ ಮುಖಮಾಡಿ ನಿಲ್ಲಬೇಕು. ಸಾಲಿನ ಎರಡು ತುದಿಗಳವರಿಗೆ ಮಾತ್ರ ಮುಂದಕ್ಕೆಸೆದ ಚೆಂಡನ್ನು ಹಿಡಿಯುವ ಹಕ್ಕು, ನಡುವಿನವರಿಗೆ ಇಲ್ಲ. ತುದಿಯವನ ಹೊರಬದಿಗೆ ಇನ್ನೊಬ್ಬನು ಅದೇ ಸಾಲಿಗೆ ಬಂದು ನಿಂತರೆ, ಒಳಗಾದವನ ಹಕ್ಕು ಹೋಯಿತು. ಸಾಲಿನಿಂದ ಒಂದು ಗಜವಾದರೂ ಹಿಂದೆ ನಿಂತ ನಾಲ್ವರೂ ಹಿಡಿಯಬಹುದು. ಆದರೆ ವೃತ್ತಿಪರ ಆಟದಲ್ಲಿ, ಸೆಂಟರನ ಬೆನ್ನಿಗೇ ನಿಂತು ಅವನ ಕೈಯಿಂದ ಚೆಂಡು ಪಡೆಯುವ ಕ್ವಾರ್ಟರ್‌ಬ್ಯಾಕನು ಹಿಡಿಯುವಂತಿಲ್ಲ. ದೂರ ನಿಂತು ಪಡೆದರೆ ಹಿಡಿಯಬಹುದು. ಇನ್ನು ಎದುರು ಪಕ್ಷದ ಹನ್ನೊಂದು ಜನಕ್ಕೂ ಹಕ್ಕುಂಟು. ಅವರಲ್ಲೊಬ್ಬನು ಚೆಂಡನ್ನು ಮುಟ್ಟಿದನೆಂದರೆ ಆಮೇಲೆ ಯಾರು ಬೇಕಾದರೂ ಹಿಡಿಯಬಹುದು.

ಸ್ಥಾನದ ಜೊತೆಗೆ ಅಂಗಿಯ ಸಂಖ್ಯೆಯನ್ನೂ ನೋಡುತ್ತಾರೆ. 50ರಿಂದ 79ರವರೆಗಿನ ಸಂಖ್ಯೆಯವರು ಹಿಡಿಯುವವರಲ್ಲ. ವೃತ್ತಿಪರ ಆಟದಲ್ಲಿ ಅಂಥವನು ಹಿಡಿಯಬೇಕಾದರೆ ಮೊದಲೇ ರೆಫರಿಯ ಬಳಿಗೆ ಹೋಗಿ ತಿಳಿಸಬೇಕು. ರೆಫರಿ ಅದನ್ನು ಎಲ್ಲರಿಗೂ ಸಾರಬೇಕು. ಕಾಲೇಜು ಆಟದಲ್ಲಿ ಈ ರಿಯಾಯಿತಿಯೂ ಇಲ್ಲ.

ಇಷ್ಟು ಕಟ್ಟುಪಾಡೇಕೆ ಎಂದರೆ, ಈ ಎಸೆತವೇ ಆಟಕ್ಕೆ ತಡವಾಗಿ ಬಂದದ್ದು. ಮೊದಲು ಗುಂಪುಗುಂಪಾಗಿ ಡಿಕ್ಕಿ ಹೊಡೆಯುವುದೇ ಆಟವಾಗಿತ್ತು. 1905ರಲ್ಲಿ ಹಲವು ತರುಣರು ಪ್ರಾಣ ಕಳೆದುಕೊಂಡರು. ಅದೇ ವರ್ಷ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟರು ಹಾರ್ವರ್ಡ್, ಯೇಲ್, ಪ್ರಿನ್ಸ್‌ಟನ್ ಪ್ರತಿನಿಧಿಗಳನ್ನು ಶ್ವೇತಭವನಕ್ಕೆ ಕರೆಸಿ ಮಾತನಾಡಿದರು. 1906ರ ನಿಯಮಗಳಲ್ಲಿ ಚೆಂಡನ್ನು ಮುಂದಕ್ಕೆಸೆಯಲು ಅನುಮತಿ ದೊರೆಯಿತು. ಆಟ ಮೈದಾನದ ಉದ್ದಗಲಕ್ಕೂ ಹರಡಿತು. ಆದರೆ ಹನ್ನೊಂದು ಜನವೂ ಹಿಡಿಯಬಹುದಾದರೆ ಎದುರಾಳಿ ಯಾರನ್ನೆಂದು ಕಾಯುವನು? ಮಿತಿ ಹಾಕಿದ್ದರ ನ್ಯಾಯ ಇದು.

ನಿಯಮವೂ ಕಾಲಕ್ಕೆ ತಕ್ಕಂತೆ ಬದಲಾಗಿದೆ. ಹಿಂದೆ ಒಬ್ಬನ ಮೈಗೆ ತಗುಲಿ ಚಿಮ್ಮಿದ ಚೆಂಡನ್ನು, ನಡುವೆ ಎದುರಾಳಿ ಮುಟ್ಟದಿದ್ದರೆ, ಅದೇ ಪಕ್ಷದ ಇನ್ನೊಬ್ಬನು ಹಿಡಿಯುವಂತಿರಲಿಲ್ಲ. 1972ರ ಡಿಸೆಂಬರ್ 23ರಂದು ಪಿಟ್ಸ್‌ಬರ್ಗಿನ ಫ್ರಾಂಕೊ ಹ್ಯಾರಿಸ್ ಅಂಥ ಚೆಂಡನ್ನು ನೆಲ ಮುಟ್ಟುವ ಮುನ್ನ ಹಿಡಿದು ಓಡಿ ಓಕ್ಲೆಂಡನ್ನು ಸೋಲಿಸಿದ. ಅದು ತಗುಲಿದ್ದು ಯಾರಿಗೆ ಎಂಬ ಜಗಳ ಇಂದಿಗೂ ತೀರಿಲ್ಲ. ಆ ನಿಯಮವನ್ನು 1978ರಲ್ಲಿ ತೆಗೆದುಹಾಕಿದರು.

ಈಗ ಡೆಕರನ ಕಡೆಗೆ ಬರೋಣ. ಅವನು ನಿಂತ ಸ್ಥಾನ ಸರಿಯಾಗಿತ್ತು, ಹಿಡಿತವೂ ಸರಿಯಾಗಿತ್ತು. ಆದರೆ ರೆಫರಿ ಸಾರಿದ್ದು 70ನೆಯ ಸಂಖ್ಯೆಯನ್ನು. ತಿಳಿಸಿದ್ದು ಡೆಕರನೇ ಎಂದು ತಂಡ ವಾದಿಸಿತು; 68 ತಿಳಿಸಲೇ ಇಲ್ಲವೆಂದು ರೆಫರಿ ಹೇಳಿದರು. ಬಳಿಕದ ಯತ್ನಗಳು ಫಲಿಸದೆ ಡೆಟ್ರಾಯಿಟ್ 19-20ರಿಂದ ಸೋತಿತು. ಮುಂದೊಮ್ಮೆ ಈ ಆಟ ನೋಡುವ ವಾಚಕರು ಚೆಂಡು ಹಾರುವ ಮೊದಲೇ ಸಾಲಿನ ತುದಿಗಳನ್ನೊಮ್ಮೆ ನೋಡಲಿ, ರೆಫರಿಯ ಮಾತಿಗೂ ಕಿವಿಗೊಡಲಿ. ಅರ್ಧ ಆಟ ಅಲ್ಲೇ ತಿಳಿದುಹೋಗುತ್ತದೆ.