ನಿರ್ದೇಶಕ ಶಂಕರನಾಗ್: ಮನುಷ್ಯಸಂಬಂಧಗಳ ಶೋಧ

ಮಾವಳ್ಳಿಯಿಂದ ಹೊನ್ನಾವರದತ್ತ ಹೆದ್ದಾರಿಯಲ್ಲಿ ಸಾಗುವವರಿಗೆ ಆಟೋರಿಕ್ಷಾಗಳ ಹಿಂಬದಿಯಲ್ಲಿ ಶಂಕರನಾಗರ ಭಾವಚಿತ್ರ ಕಾಣುವುದು ಅಪರೂಪವಲ್ಲ. 1980ರ ‘ಆಟೋರಾಜ’ ಚಿತ್ರದ ನಟನಿಗೆ ಜನ ಸಲ್ಲಿಸುತ್ತಿರುವ ಪ್ರೀತಿಯ ಕಾಣಿಕೆಯದು. ಆದರೆ ಆ ನಟನ ಮರೆಯಲ್ಲಿ ಒಬ್ಬ ಸಮರ್ಥ ನಿರ್ದೇಶಕನು ಅಡಗಿಹೋಗಿದ್ದಾನೆ. ಆ ನಿರ್ದೇಶಕನನ್ನು ಕುರಿತು ಕೆಲವು ಮಾತುಗಳನ್ನು ಹೇಳುವುದೇ ಪ್ರಸ್ತುತ ಲೇಖನದ ಉದ್ದೇಶ.

ಶಂಕರನಾಗರು ಜನಿಸಿದ್ದು 1954ರ ನವೆಂಬರ್ 9ರಂದು, ಹೊನ್ನಾವರ ತಾಲೂಕಿನಲ್ಲಿ. ಆಗ ಉತ್ತರ ಕನ್ನಡವಿನ್ನೂ ಮುಂಬಯಿ ರಾಜ್ಯಕ್ಕೆ ಸೇರಿತ್ತು. ಈ ಕರಾವಳಿಯ ಎಷ್ಟೋ ತರುಣರಂತೆ ಅವರೂ ಮುಂಬಯಿಗೆ ತೆರಳಿ, ಬ್ಯಾಂಕಿನ ನೌಕರಿಯೊಡನೆ ಮರಾಠಿ ರಂಗಭೂಮಿಯಲ್ಲಿ ಪಳಗಿದರು. ಚಾಪೇಕರ್ ಸೋದರರನ್ನು ಕುರಿತ ‘22 ಜೂನ್ 1897’ ಎಂಬ ಮರಾಠಿ ಚಿತ್ರದ (1979) ಚಿತ್ರಕಥಾರಚನೆಯಲ್ಲಿ ಅವರ ಪಾಲಿತ್ತೆಂಬುದು ಇತಿಹಾಸದ ವಿದ್ಯಾರ್ಥಿಗಳಿಗೆ ರುಚಿಸಬಹುದಾದ ಸಂಗತಿ.

ಅವರು ನಿರ್ದೇಶಿಸಿದ ಮೊದಲ ಚಿತ್ರ ‘ಮಿಂಚಿನ ಓಟ’ (1980). ಕಾರುಗಳ್ಳರ ಕಥೆಯಾದರೂ ಅದರ ಜೀವಾಳವಿರುವುದು ಕಳ್ಳರ ನಡುವಣ ಪರಸ್ಪರ ವಿಶ್ವಾಸದಲ್ಲಿ. ‘ಗೀತಾ’ (1981) ಮರಣ ಸನ್ನಿಹಿತವಾದ ತರುಣಿಯ ಪ್ರೇಮಕಥೆ. ಡಾ. ರಾಜಕುಮಾರರು ನಟಿಸಿದ, ಸ್ಟೈನ್‌ಬೆಕ್‌ನ ‘ದಿ ಪರ್ಲ್’ ಕೃತಿಯನ್ನಾಧರಿಸಿದ ‘ಒಂದು ಮುತ್ತಿನ ಕಥೆ’ (1987) ಈ ದೃಷ್ಟಿಯಿಂದ ಅಷ್ಟು ಸಫಲವಲ್ಲವೆಂದು ನನ್ನ ಅಭಿಪ್ರಾಯ. ಅಲ್ಲಿ ನಾಯಕನ ವ್ಯಕ್ತಿತ್ವವೇ ಸಂಬಂಧಗಳನ್ನು ಮುಚ್ಚಿಬಿಡುತ್ತದೆ.

ಅವರ ಶಕ್ತಿಯನ್ನು ಅರಿಯಲು ಎರಡು ಕೃತಿಗಳನ್ನು ಎದುರುಬದುರಾಗಿಟ್ಟು ನೋಡಬೇಕು. ‘ಆಕ್ಸಿಡೆಂಟ್’ (1985) ಚಿತ್ರದಲ್ಲಿ ಅಮಲಿನಲ್ಲಿದ್ದ ಯುವಕನೊಬ್ಬನ ಕಾರು ಬೀದಿಬದಿಯಲ್ಲಿ ಮಲಗಿದ್ದ ಬಡವರ ಮೇಲೆ ಹರಿಯುತ್ತದೆ. ರಾಜಕಾರಣಿಯಾದ ತಂದೆ—ಈ ಪಾತ್ರ ಸೋದರ ಅನಂತನಾಗರದು—ಮಗನನ್ನು ಕಾಪಾಡಲು ಹೊರಡುತ್ತಾನೆ. ಪುತ್ರವಾತ್ಸಲ್ಯವೂ ಅಧಿಕಾರದಾಹವೂ ಇಲ್ಲಿ ಬೇರ್ಪಡಿಸಲಾರದಂತೆ ಬೆರೆತಿವೆ. ತಂದೆ ಕೇವಲ ದುಷ್ಟನಾಗಿದ್ದರೆ ಚಿತ್ರ ಇಷ್ಟು ಕಾಡುತ್ತಿರಲಿಲ್ಲ.

ಇನ್ನೊಂದು, 1986-87ರಲ್ಲಿ ದೂರದರ್ಶನದಲ್ಲಿ ಪ್ರಸಾರವಾದ ‘ಮಾಲ್ಗುಡಿ ಡೇಸ್’. ಆರ್. ಕೆ. ನಾರಾಯಣರು ಇಂಗ್ಲಿಷಿನಲ್ಲಿ ಕಲ್ಪಿಸಿದ ಊರು ಮಲೆನಾಡಿನ ಆಗುಂಬೆಯಲ್ಲಿ ಮೈದಾಳಿ ಹಿಂದಿಯಲ್ಲಿ ಮಾತಾಡಿತು! ಸ್ವಾಮಿಯಾಗಿ ಮಾಸ್ಟರ್ ಮಂಜುನಾಥನೂ ತಂದೆಯಾಗಿ ಗಿರೀಶ ಕಾರ್ನಾಡರೂ ನಟಿಸಿದರು. ಈ ತಂದೆಯೂ ಅಧಿಕಾರವುಳ್ಳವನೇ. ಆದರೆ ಅವನ ಅಧಿಕಾರ ಮನೆಯ ಹೊಸ್ತಿಲೊಳಗಿನದು. ಗದರುವ ಅವನನ್ನು ಕಂಡು ನಡುಗುವ ಹುಡುಗನಿಗೆ ಅಜ್ಜಿಯ ಮಗ್ಗುಲೇ ಆಶ್ರಯ. ನಿರ್ದೇಶಕನು ಇದನ್ನು ವಿವರಿಸಲು ಹೋಗುವುದಿಲ್ಲ. ಒಂದು ನೋಟ, ಒಂದು ಮೌನ ಅವನಿಗೆ ಸಾಕು.

1990ರ ಸೆಪ್ಟೆಂಬರ್ 30ರಂದು ದಾವಣಗೆರೆಯ ಬಳಿ ಆನಗೋಡಿನಲ್ಲಿ ನಡೆದ ರಸ್ತೆ ಅಪಘಾತದಲ್ಲಿ ಶಂಕರನಾಗರು ಮೃತರಾದಾಗ ಅವರಿಗೆ ಮೂವತ್ತಾರೂ ತುಂಬಿರಲಿಲ್ಲ. ಡೆನ್ಮಾರ್ಕಿನ ಕಾರ್ಲ್ ಡ್ರೇಯರ್ ಒಂದು ಮನೆತನದ ತಂದೆಮಕ್ಕಳನ್ನು ಕುರಿತ ‘ಓರ್ಡೆಟ್’ ಚಿತ್ರವನ್ನು 1955ರಲ್ಲಿ ತೆರೆಗೆ ತಂದಾಗ ಆತನ ವಯಸ್ಸು ಅರುವತ್ತನ್ನು ದಾಟಿತ್ತು. ಅಂಥ ಪಕ್ವಕಾಲ ನಮ್ಮವರಿಗೆ ಲಭಿಸಲಿಲ್ಲ.

ಡೆನ್ಮಾರ್ಕಿನ ಮಾತು ಬಂದುದರಿಂದ ಇನ್ನೊಂದನ್ನು ಹೇಳಬಹುದು. ‘ಸ್ವಾಮಿ ಅಂಡ್ ಫ್ರೆಂಡ್ಸ್’ ಕಾದಂಬರಿಯ ಕೊನೆಯಲ್ಲಿ, ಮುನಿಸಿಕೊಂಡು ಊರು ಬಿಡುತ್ತಿರುವ ಗೆಳೆಯ ರಾಜಮನಿಗೆ ಸ್ವಾಮಿ ಕೊಟ್ಟುಕಳಿಸುವ ಪುಸ್ತಕ, ಡೆನ್ಮಾರ್ಕಿನ ಆಂಡರ್ಸನ್ನನ ಕಥೆಗಳು. ಆಗ ರೈಲು ಚಲಿಸತೊಡಗಿರುತ್ತದೆ.