ಕಣ್ಣಿಗೆ ಬೀಳದೆ ಗೆಲ್ಲುವ ಆಟ

ಕಣ್ಣಾಮುಚ್ಚಾಲೆ ಆಡದೆ ದೊಡ್ಡವರಾದವರು ನಮ್ಮ ಊರಿನಲ್ಲಿ ಯಾರೂ ಇರಲಾರರು. ಅಡಿಕೆ ತೋಟದ ಕಣಿಯಲ್ಲಿ, ಹಟ್ಟಿಯ ಹಿಂದೆ, ಬೈಹುಲ್ಲಿನ ರಾಶಿಯ ಮರೆಯಲ್ಲಿ ಉಸಿರು ಬಿಗಿಹಿಡಿದು ಕುಳಿತ ನೆನಪು ಎಲ್ಲರಿಗೂ ಉಂಟು. ಆ ಆಟವನ್ನೇ ಒಂದು ದೊಡ್ಡ ಕಥೆಯಾಗಿ ಹೆಣೆದು ಟಿ.ವಿ. ಪರದೆಯ ಮೇಲೆ ತಂದವರು ಜಪಾನ್ ದೇಶದವರು. ಅದರ ಹೆಸರು 'ಮೆಟಲ್ ಗೇರ್'. ಶತ್ರುವಿನ ಕೋಟೆಯೊಳಗೆ ಒಬ್ಬಂಟಿಯಾಗಿ ನುಸುಳಿ, ಯಾರ ಕಣ್ಣಿಗೂ ಬೀಳದೆ ಕೆಲಸ ಮುಗಿಸಿ ಬರುವುದೇ ಈ ಸರಣಿಯ ಸಾರ.

ಶಾಲೆಯ ವಾರ್ಷಿಕ ಸಂಚಿಕೆಯಲ್ಲಿ ವಿಡಿಯೋ ಆಟದ ಲೇಖನವೇ ಎಂದು ಹೆತ್ತವರು ಹುಬ್ಬೇರಿಸಬಹುದು. ಆದುದರಿಂದ ಮೊದಲೇ ಒಂದು ಮಾತು ಹೇಳಿಬಿಡುತ್ತೇವೆ. ಈ ಸರಣಿಯ ಹೆಚ್ಚಿನ ಆಟಗಳ ಪೆಟ್ಟಿಗೆಯ ಮೇಲೆ 17 ವರ್ಷ ಮೀರಿದವರಿಗೆ ಎಂಬ ಅಮೆರಿಕದ ಗುರುತು ಇದೆ. 2010ರಲ್ಲಿ ಬಂದ 'ಪೀಸ್ ವಾಕರ್' ಎಂಬುದಕ್ಕೆ ಮಾತ್ರ 13 ವರ್ಷ ಸಾಕು. ಪೆಟ್ಟಿಗೆಯ ಮೇಲಿನ ಈ ಗುರುತನ್ನು ಹೆತ್ತವರು ಓದಬೇಕು, ಮಕ್ಕಳು ಅಡಗಿಸಬಾರದು. ನಾವು ಎಂದರೆ ಅಣ್ಣ ತಮ್ಮಂದಿರು, ಇಬ್ಬರೂ ಈ ಶಾಲೆಯ ಹಳೆಯ ವಿದ್ಯಾರ್ಥಿಗಳು. ದುಬೈಯಿಂದ ಬಂದ ಸೋದರಮಾವ ತಂದುಕೊಟ್ಟ ಪ್ಲೇಸ್ಟೇಷನ್ 2 ನಮ್ಮ ಮನೆಗೆ ಬಂದಾಗ ದೊಡ್ಡವನು ಪದವಿ ಮುಗಿಸಿದ್ದ, ಚಿಕ್ಕವನು ಪದವಿಯ ಕೊನೆಯ ವರ್ಷದಲ್ಲಿದ್ದ.

ಈ ಆಟ ಹುಟ್ಟಿದ ಬಗೆ ಸ್ವಾರಸ್ಯಕರವಾಗಿದೆ. 1986ರ ಸುಮಾರಿಗೆ ಕೊನಾಮಿ ಎಂಬ ಕಂಪೆನಿಯಲ್ಲಿ ಹಿಡಿಯೊ ಕೊಜಿಮಾ ಎಂಬ ತರುಣ ಹೊಸದಾಗಿ ಸೇರಿದ್ದ. ಎಂ.ಎಸ್.ಎಕ್ಸ್. 2 ಎಂಬ ಗೃಹ ಕಂಪ್ಯೂಟರಿಗಾಗಿ ಒಂದು ಯುದ್ಧದ ಆಟವನ್ನು ಮಾಡುವ ಕೆಲಸ ಅವನ ಪಾಲಿಗೆ ಬಂತು. ಆದರೆ ಆ ಯಂತ್ರಕ್ಕೆ ಒಂದು ದೌರ್ಬಲ್ಯವಿತ್ತು. ಪರದೆಯ ಮೇಲೆ ಚಲಿಸುವ ಚಿತ್ರಗಳು ಒಂದೇ ಸಾಲಿನಲ್ಲಿ ಎಂಟಕ್ಕಿಂತ ಹೆಚ್ಚಾದರೆ ಉಳಿದವು ಮಾಯವಾಗುತ್ತಿದ್ದವು. ನಾಲ್ಕು ಸೈನಿಕರು, ನಾಲ್ಕು ಗುಂಡುಗಳು ಬಂದರೆ ತೀರಿತು! ಇಂಥ ಯಂತ್ರದಲ್ಲಿ ಯುದ್ಧ ನಡೆಸುವುದು ಹೇಗೆ? ಯುದ್ಧ ಮಾಡುವುದೇ ಬೇಡ, ತಪ್ಪಿಸಿಕೊಳ್ಳುವುದೇ ಆಟವಾಗಲಿ ಎಂದು ಕೊಜಿಮಾ ಯೋಚಿಸಿದ. ಸೆರೆಶಿಬಿರದಿಂದ ಪಾರಾಗುವ ಕಥೆಯುಳ್ಳ 'ದ ಗ್ರೇಟ್ ಎಸ್ಕೇಪ್' ಎಂಬ 1963ರ ಸಿನೆಮಾ ಅವನಿಗೆ ಪ್ರೇರಣೆಯಾಯಿತು. 1987ರಲ್ಲಿ ಆಟ ಹೊರಬಂತು. ಅದರ ನಾಯಕ ಸ್ನೇಕ್, ಅಂದರೆ ಹಾವು. ಆಟದ ಆರಂಭದಲ್ಲಿ ಅವನ ಕೈಯಲ್ಲಿ ಆಯುಧವೇ ಇಲ್ಲ, ಕಿಸೆಯಲ್ಲಿ ಒಂದಿಷ್ಟು ಸಿಗರೇಟು ಮಾತ್ರ.

'ಮೆಟಲ್ ಗೇರ್' ಎಂಬುದು ನಾಯಕನ ಹೆಸರಲ್ಲ. ಕಾಲಿನಿಂದ ನಡೆಯುತ್ತಾ ಯಾವ ಮೂಲೆಯಿಂದ ಬೇಕಾದರೂ ಅಣ್ವಸ್ತ್ರವನ್ನು ಹಾರಿಸಬಲ್ಲ ದೈತ್ಯ ಯಂತ್ರದ ಹೆಸರು ಅದು. ಅಂಥದನ್ನು ತಡೆಯುವುದೇ ಹೆಚ್ಚಿನ ಕಥೆಗಳ ಗುರಿ. 1990ರಲ್ಲಿ ಎರಡನೆಯದು ಬಂತು. 1998ರಲ್ಲಿ 'ಮೆಟಲ್ ಗೇರ್ ಸಾಲಿಡ್' ಬಂದು ಲೋಕಪ್ರಸಿದ್ಧವಾಯಿತು. ಮುಂದೆ 2001, 2004, 2008ರಲ್ಲಿ ಅದರ ಎರಡು, ಮೂರು, ನಾಲ್ಕನೆಯ ಭಾಗಗಳೂ 2015ರಲ್ಲಿ 'ದ ಫ್ಯಾಂಟಮ್ ಪೇಯ್ನ್' ಎಂಬ ಐದನೆಯದೂ ಬಂದವು. ಅದೇ ವರ್ಷ ಕೊಜಿಮಾ ಕಂಪೆನಿ ಬಿಟ್ಟ. ಹಳೆಯ ಯಂತ್ರ ಇಲ್ಲದವರಿಗಾಗಿ 2023ರಲ್ಲಿ ಮೊದಲಿನ ಆಟಗಳ ಒಂದು ಸಂಪುಟವನ್ನು ಕೊನಾಮಿ ಹೊರತಂದಿತು. 2025ರಲ್ಲಿ ಮೂರನೆಯ ಭಾಗವನ್ನು ಹೊಸ ಚಿತ್ರಗಳೊಡನೆ ಪುನಃ ರಚಿಸಿ ಬಿಡುಗಡೆ ಮಾಡಿತು.

ಇನ್ನು ಆಡುವ ಕ್ರಮ. ಎಲ್ಲರೂ ಮಾಡುವ ಮೊದಲ ತಪ್ಪು, ಗುಂಡಿ ಒತ್ತುವ ಅವಸರ. ನಾವೂ ಮಾಡಿದ್ದೇವೆ. ಬಂದೂಕು ಸಿಕ್ಕಿದೊಡನೆ ಕಾವಲುಗಾರನಿಗೆ ಗುರಿಯಿಟ್ಟೆವು. ಸದ್ದು ಕೇಳಿ ಮೂವರು ಬಂದರು, ಮೂವರನ್ನು ಹೊಡೆಯುವಷ್ಟರಲ್ಲಿ ಇನ್ನೂ ಮೂವರು. ಈ ಆಟದಲ್ಲಿ ಶತ್ರುಗಳು ಮುಗಿಯುವ ಸರಕಲ್ಲ. ನಮ್ಮ ಪ್ರಾಣ ಮಾತ್ರ ಮುಗಿಯುವುದು. ಆದ್ದರಿಂದ ಹೊಸ ಜಾಗಕ್ಕೆ ಕಾಲಿಟ್ಟೊಡನೆ ಮಾಡಬೇಕಾದ ಕೆಲಸ ಒಂದೇ: ಏನೂ ಮಾಡದೆ ನಿಲ್ಲುವುದು. ಗೋಡೆಗೆ ಬೆನ್ನು ಕೊಟ್ಟು ನಿಂತರೆ ಆಟವೇ ನಮಗೆ ಮೂಲೆಯ ಆಚೆಗಿನ ನೋಟವನ್ನು ತೋರಿಸುತ್ತದೆ. ಕಾವಲುಗಾರ ಎಲ್ಲಿಂದ ಹೊರಡುತ್ತಾನೆ, ಎಲ್ಲಿ ತಿರುಗುತ್ತಾನೆ, ಎಲ್ಲಿ ಆಕಳಿಸುತ್ತಾನೆ, ಎರಡು ಸುತ್ತು ನೋಡಬೇಕು. ಮೂರನೆಯ ಸುತ್ತಿಗೆ ಅವನ ಬೆನ್ನ ಹಿಂದೆಯೇ ಹೊರಟರೆ ಅರ್ಧ ದಾರಿ ಅವನೇ ಕಾವಲಾಗಿ ನಮ್ಮನ್ನು ಕರೆದೊಯ್ಯುತ್ತಾನೆ.

ಅವನ ನೋಟ ಎಷ್ಟು ದೂರ ಹೋಗುತ್ತದೆ ಎಂಬುದನ್ನು ತಿಳಿಯುವುದು ಮುಖ್ಯ. 1987ರ ಆಟದಲ್ಲಿ ಕಾವಲುಗಾರರು ಮೂಗಿನ ನೇರಕ್ಕೆ ಮಾತ್ರ ನೋಡುತ್ತಿದ್ದರು, ಒಂದು ಹೆಜ್ಜೆ ಪಕ್ಕಕ್ಕೆ ಸರಿದರೆ ನಾವು ಮಾಯ! 1990ರದ್ದರಲ್ಲಿ ಅವರ ನೋಟ ಬೀಸಣಿಗೆಯಂತೆ ಅಗಲವಾಯಿತು, ಕಿವಿಯೂ ಬಂತು. 1998ರದ್ದರಲ್ಲಿ ಪರದೆಯ ಮೂಲೆಯಲ್ಲಿ ಒಂದು ರಾಡಾರ್ ಇದೆ. ಕಾವಲುಗಾರರು ಚುಕ್ಕಿಗಳಾಗಿ ಕಾಣುತ್ತಾರೆ, ಪ್ರತಿ ಚುಕ್ಕಿಯ ಎದುರು ಅವನ ನೋಟವು ಟಾರ್ಚಿನ ಬೆಳಕಿನಂತೆ ಹರಡಿರುತ್ತದೆ. ಆ ಬೆಳಕನ್ನು ಮೆಟ್ಟದೆ ನಡೆದರೆ ಸಾಕು. ಇಲ್ಲಿ ಒಂದು ಅಪಾಯವೂ ಇದೆ. ಹೊಸಬರು ರಾಡಾರನ್ನೇ ನೋಡುತ್ತಾ ಎದುರಿಗಿರುವುದನ್ನು ನೋಡುವುದಿಲ್ಲ. ನಾವು ಇದಕ್ಕೆ ಕಂಡುಕೊಂಡ ಉಪಾಯವೆಂದರೆ ಜೊತೆಯಾಗಿ ಆಡುವುದು. ಒಬ್ಬನ ಕೈಯಲ್ಲಿ ಕಂಟ್ರೋಲರ್, ಇನ್ನೊಬ್ಬನ ಕಣ್ಣು ರಾಡಾರಿನ ಮೇಲೆ. "ಎಡಗಡೆ ಒಬ್ಬ, ನಿಲ್ಲು" ಎಂದು ಹೇಳುವವನೊಬ್ಬ ಹಿಂದೆ ಕುಳಿತಿದ್ದರೆ ಆಟ ಅರ್ಧ ಸುಲಭ. ಜಗಳ ಮಾತ್ರ ಇಮ್ಮಡಿ.

ನೋಟದಿಂದ ತಪ್ಪಿಸಿಕೊಂಡರೂ ಸದ್ದು ಬಿಡದು. ಕಬ್ಬಿಣದ ಜಾಲರಿಯ ಮೇಲೆ, ನೀರಿನ ಮೇಲೆ ಓಡಿದರೆ ಕಾವಲುಗಾರ ತಿರುಗುತ್ತಾನೆ. ಅಲ್ಲಿ ತೆವಳಬೇಕು. ಹಿಮದ ಮೇಲೆ ಹೆಜ್ಜೆಗುರುತು ಮೂಡುತ್ತದೆ. ಅಲಾಸ್ಕದ ಶ್ಯಾಡೋ ಮೋಸೆಸ್ ದ್ವೀಪದಲ್ಲಿ ನಡೆಯುವ ಆ 1998ರ ಕಥೆಯಲ್ಲಿ ಕಾವಲುಗಾರ ಬಗ್ಗಿ, ಇದು ಯಾರ ಹೆಜ್ಜೆ ಎಂದು ಗೊಣಗುತ್ತಾ ಗುರುತಿನ ಜಾಡು ಹಿಡಿದು ನಾವು ಅಡಗಿದಲ್ಲಿಗೇ ಬರುತ್ತಾನೆ. ಮೊದಲ ಸಲ ಇದನ್ನು ಕಂಡಾಗ ನಾವಿಬ್ಬರೂ ಕುರ್ಚಿಯಿಂದ ಎದ್ದು ನಿಂತಿದ್ದೆವು. ಆದರೆ ಅದೇ ಸದ್ದು, ಅದೇ ಗುರುತು ನಮ್ಮ ಆಯುಧವೂ ಹೌದು. ಗೋಡೆಯನ್ನು ಬೇಕೆಂದೇ ತಟ್ಟಿದರೆ ಅವನು ತನ್ನ ಜಾಗ ಬಿಟ್ಟು ನೋಡಲು ಬರುತ್ತಾನೆ. ಅಷ್ಟರಲ್ಲಿ ಇನ್ನೊಂದು ಬದಿಯಿಂದ ಸುತ್ತಿ ಬಾಗಿಲು ಸೇರಬಹುದು. ರಟ್ಟಿನ ಪೆಟ್ಟಿಗೆ ಮತ್ತೊಂದು ಉಪಕರಣ. ಅದನ್ನು ತಲೆಯ ಮೇಲೆ ಕವುಚಿಕೊಂಡು ಕುಳಿತರೆ ಕಾವಲುಗಾರ ಪಕ್ಕದಲ್ಲೇ ಹಾದುಹೋಗುತ್ತಾನೆ. ಪೆಟ್ಟಿಗೆ ನಡೆಯುವುದನ್ನು ಕಂಡರೆ ಮಾತ್ರ ಅವನೂ ಅಷ್ಟು ಪೆದ್ದನಲ್ಲ.

ಹಾಗಿದ್ದೂ ಸಿಕ್ಕಿಬಿದ್ದರೆ? ಆಗ ರಾಡಾರ್ ಕೆಡುತ್ತದೆ, ಸಂಗೀತ ಬದಲಾಗುತ್ತದೆ, ಎದೆ ಹೊಡೆದುಕೊಳ್ಳುತ್ತದೆ. ಆಟ ಮತ್ತೆ ಮೊದಲಿನಿಂದ ಎಂದು ಕೈಚೆಲ್ಲುವವರು ಹೆಚ್ಚು. ಅದು ಬೇಡ. ಮೊದಲು ಅವರ ಕಣ್ಣಿನಿಂದ ಮರೆಯಾಗಬೇಕು. ಆಗ ಪರದೆಯ ಮೇಲೆ ಎಣಿಕೆ ಇಳಿಯತೊಡಗುತ್ತದೆ. ಅದು ಸೊನ್ನೆಗೆ ಬರುವ ತನಕ ಒಂದೇ ಕಡೆ ಅಲುಗಾಡದೆ ಇರಬೇಕು. ಇನ್ನೇನು ಮುಗಿಯಿತು ಎನ್ನುವಾಗ ತಲೆ ಹೊರಗೆ ಹಾಕಿ ಪುನಃ ಸಿಕ್ಕಿಬೀಳುವುದೇ ಹೆಚ್ಚು; ನಮ್ಮ ಚಿಕ್ಕವನಿಗೆ ಇದು ಖಾಯಂ. ಎರಡನೆಯ ಭಾಗದಿಂದ ಕಾವಲುಗಾರರು ಇನ್ನೂ ಜಾಣರು. ಅವರು ಆಗಾಗ ರೇಡಿಯೋದಲ್ಲಿ ತಮ್ಮ ಮೇಲಿನವರಿಗೆ ವರದಿ ಕೊಡುತ್ತಾರೆ. ವರದಿ ಬಾರದಿದ್ದರೆ ಹುಡುಕಲು ತಂಡ ಹೊರಡುತ್ತದೆ. ಆದುದರಿಂದ ಒಬ್ಬನನ್ನು ಮಲಗಿಸಿದರೆ ಕೆಲಸ ಮುಗಿಯಲಿಲ್ಲ. ಅವನನ್ನು ಎಳೆದು ಕಪಾಟಿನೊಳಗೆ ಅಡಗಿಸಬೇಕು, ಮತ್ತು ಆ ಜಾಗವನ್ನು ಬೇಗ ಬಿಡಬೇಕು.

ಐದನೆಯ ಭಾಗದ ಶತ್ರುಗಳು ನಮ್ಮಿಂದಲೇ ಕಲಿಯುತ್ತಾರೆ. ಯಾವಾಗಲೂ ತಲೆಗೇ ಗುರಿಯಿಟ್ಟರೆ ಮುಂದಿನ ಸಲ ಲೋಹದ ಟೋಪಿ ಹಾಕಿಕೊಂಡು ಬರುತ್ತಾರೆ. ಯಾವಾಗಲೂ ರಾತ್ರಿಯೇ ನುಗ್ಗಿದರೆ ಕತ್ತಲಲ್ಲಿ ಕಾಣುವ ಕನ್ನಡಕ ತರಿಸಿಕೊಳ್ಳುತ್ತಾರೆ. ಒಂದೇ ಉಪಾಯಕ್ಕೆ ಜೋತುಬಿದ್ದವನಿಗೆ ಇಲ್ಲಿ ಉಳಿಗಾಲವಿಲ್ಲ. ಹನುಮಂತ ಲಂಕೆಯನ್ನು ಹೊಕ್ಕಾಗ ದೇಹವನ್ನು ಕಿರಿದಾಗಿಸಿ ರಾತ್ರಿಯಲ್ಲಿ ಹೊಕ್ಕ. ಸೀತೆಯನ್ನು ಕಂಡು ಮುಗಿದ ಮೇಲೆ ಅಶೋಕವನವನ್ನು ಮುರಿದು ಬೇಕೆಂದೇ ಸಿಕ್ಕಿಬಿದ್ದ. ಎಲ್ಲಿ ಅಡಗಬೇಕು, ಎಲ್ಲಿ ಕಾಣಿಸಿಕೊಳ್ಳಬೇಕು ಎಂಬ ಲೆಕ್ಕ ಅವನಿಗೆ ಗೊತ್ತಿತ್ತು.

ನಗು ಬರಿಸುವ ಒಗಟುಗಳಿಗೂ ಇಲ್ಲಿ ಕೊರತೆಯಿಲ್ಲ. 1998ರ ಆಟದಲ್ಲಿ ಸೈಕೋ ಮ್ಯಾಂಟಿಸ್ ಎಂಬ ಶತ್ರು ನಮ್ಮ ಮನಸ್ಸನ್ನು ಓದುತ್ತಾನಂತೆ. ನಾವು ಒತ್ತಿದ ಗುಂಡಿ ಅವನಿಗೆ ಮೊದಲೇ ತಿಳಿಯುತ್ತದೆ, ಏಟು ತಾಗುವುದೇ ಇಲ್ಲ. ಉಪಾಯವೇನೆಂದರೆ ಕಂಟ್ರೋಲರಿನ ವಯರನ್ನು ಕಿತ್ತು ಯಂತ್ರದ ಎರಡನೆಯ ಕಂಡಿಗೆ ಸಿಕ್ಕಿಸುವುದು! ಅದೇ ಆಟದಲ್ಲಿ ಒಬ್ಬಳೊಡನೆ ರೇಡಿಯೋದಲ್ಲಿ ಮಾತಾಡಬೇಕು, ಅವಳ ಸಂಖ್ಯೆ ಸಿ.ಡಿ. ಪೆಟ್ಟಿಗೆಯ ಹಿಂಭಾಗದಲ್ಲಿದೆ ಎನ್ನುತ್ತಾರೆ. ಆಟದೊಳಗಿನ ಪೆಟ್ಟಿಗೆಯಲ್ಲ, ಅಂಗಡಿಯಿಂದ ತಂದ ನಿಜವಾದ ಪೆಟ್ಟಿಗೆ. ನಮ್ಮದು ಪೇಟೆಯಲ್ಲಿ ಕಾಗದದ ಲಕೋಟೆಯಲ್ಲಿ ಕೊಟ್ಟ ನಕಲಿ ಸಿ.ಡಿ.; ಪೆಟ್ಟಿಗೆ ಎಲ್ಲಿಂದ ಬರಬೇಕು? 140.00ರಿಂದ ಒಂದೊಂದಾಗಿ ತಿರುಗಿಸುತ್ತಾ ಹೋದೆವು. 140.15ರಲ್ಲಿ ಅವಳು ಉತ್ತರ ಕೊಟ್ಟಳು. ಕಳ್ಳ ಮಾಲಿಗೆ ತೆತ್ತ ದಂಡ ಅಷ್ಟೇ.

ನಮಗೆ ಎಲ್ಲಕ್ಕಿಂತ ಹಿಡಿಸಿದ್ದು 2004ರ ಮೂರನೆಯ ಭಾಗ, 'ಸ್ನೇಕ್ ಈಟರ್'. ಕಥೆ 1964ರಲ್ಲಿ ಸೋವಿಯತ್ ದೇಶದ ಕಾಡಿನಲ್ಲಿ ನಡೆಯುತ್ತದೆ. ಹಿಂದಿನ ರಾಡಾರ್ ಇಲ್ಲ. ಬದಲಿಗೆ ನಮ್ಮ ಉಡುಪು, ಮುಖದ ಬಣ್ಣ ಸುತ್ತಲಿನ ಹುಲ್ಲಿಗೆ, ಮಣ್ಣಿಗೆ, ಮರದ ತೊಗಟೆಗೆ ಎಷ್ಟು ಹೊಂದುತ್ತದೆ ಎಂಬುದನ್ನು ಶೇಕಡಾ ಲೆಕ್ಕದಲ್ಲಿ ತೋರಿಸುವ ಅಂಕೆಯೊಂದಿದೆ. ಗೋಸುಂಬೆಯ ವಿದ್ಯೆ ಎನ್ನಿ. ಜಾಗ ಬದಲಾದಾಗಲೆಲ್ಲ ಬಟ್ಟೆ ಬದಲಿಸಲು ಬೇಸರಪಡಬಾರದು. ಹುಲ್ಲಿನಲ್ಲಿ ಮಲಗಿ ಅಲುಗದಿದ್ದರೆ ಕಾವಲುಗಾರ ಹತ್ತಿರದಲ್ಲೇ ಹಾದು ಹೋದಾನು. ಹಿಂದಿನಿಂದ ಹತ್ತಿರ ಹೋಗುವಾಗ ಕಡ್ಡಿಯನ್ನು ಬಿಟ್ಟು ದಿಕ್ಕಿನ ಗುಂಡಿಗಳನ್ನು ಬಳಸಬೇಕು, ಆಗ ಹೆಜ್ಜೆಯ ಸದ್ದು ಅಡಗುತ್ತದೆ. ಇದನ್ನು ತಿಳಿಯಲು ನಮಗೆ ಒಂದು ವಾರ ಹಿಡಿಯಿತು.

ಕಾಡಿನಲ್ಲಿ ಹಸಿವೂ ಉಂಟು. ಹಾವು, ಮೀನು, ಹಣ್ಣು, ಅಣಬೆ ಹಿಡಿದು ತಿನ್ನದಿದ್ದರೆ ಕೈ ನಡುಗಿ ಗುರಿ ತಪ್ಪುತ್ತದೆ. ಶತ್ರುಗಳಿಗೂ ಹಾಗೆಯೇ. ಅವರ ಆಹಾರದ ಉಗ್ರಾಣವನ್ನು ಸಿಡಿಸಿದರೆ ಆ ಪ್ರದೇಶದ ಸೈನಿಕರು ಹಸಿದು ಸೋಲುತ್ತಾರೆ, ನಾವು ಎಸೆದ ಹಳಸಿದ ಮಾಂಸವನ್ನೂ ತಿಂದು ಹೊಟ್ಟೆನೋವು ಹಿಡಿದು ಕೂರುತ್ತಾರೆ. ದ ಎಂಡ್ ಎಂಬ ನೂರು ವರ್ಷ ದಾಟಿದ ಮುದುಕ ಬೇಟೆಗಾರನೊಬ್ಬನಿದ್ದಾನೆ. ಅವನನ್ನು ಕಾಡಿನಲ್ಲಿ ಗಂಟೆಗಟ್ಟಲೆ ಹುಡುಕಿ ಸೋಲಿಸಬೇಕು. ಆಗದವರು ಆಟವನ್ನು ಉಳಿಸಿ, ನಿಲ್ಲಿಸಿ, ಒಂದು ವಾರ ಕಳೆದು ಬಂದರೆ ಮುದುಕ ವಯಸ್ಸಾಗಿ ತಾನೇ ತೀರಿಹೋಗಿರುತ್ತಾನೆ! ಯಂತ್ರದ ಗಡಿಯಾರವನ್ನು ವಾರ ಮುಂದಕ್ಕೆ ತಿರುಗಿಸಿದರೂ ಆದೀತು. ಉಳಿಸುವ ಮಾತು ಬಂತೆಂದು ಹೇಳುತ್ತೇವೆ: ಕರೆಂಟು ಯಾವಾಗ ಹೋಗುವುದೋ ತಿಳಿಯದ ಊರಲ್ಲಿ ಪ್ರತಿ ಹೊಸ ಜಾಗಕ್ಕೂ ಒಮ್ಮೆ ಉಳಿಸುವುದು ಲೇಸು. ಮಳೆಗಾಲದಲ್ಲಿ ನಾವು ಕಳೆದುಕೊಂಡ ಗಂಟೆಗಳಿಗೆ ಲೆಕ್ಕವಿಲ್ಲ.

ಈ ಮೂರನೆಯ ಭಾಗದಲ್ಲಿ ಒಂದು ನದಿ ಇದೆ. ಸಾರೋ ಎಂಬ ಹೆಸರಿನ, ಎಂದೋ ಸತ್ತ ಶತ್ರುವಿನ ನದಿ. ಅಲ್ಲಿ ಹೊಡೆದಾಟವಿಲ್ಲ. ಮಂಜು ಮುಸುಕಿದ ನೀರಿನಲ್ಲಿ ಮೇಲ್ಮುಖವಾಗಿ ನಡೆಯುತ್ತಾ ಹೋಗಬೇಕು. ಎದುರಿನಿಂದ ಒಬ್ಬೊಬ್ಬರಾಗಿ ನೆರಳುಗಳು ಬರುತ್ತವೆ. ಅದುವರೆಗೆ ಆಟದಲ್ಲಿ ನಾವು ಕೊಂದ ಪ್ರತಿಯೊಬ್ಬನೂ, ಕೊಂದ ರೀತಿಯ ಗಾಯದೊಡನೆ, ನರಳುತ್ತಾ ಬರುತ್ತಾನೆ. ಬೇಕಾಬಿಟ್ಟಿ ಗುಂಡು ಹಾರಿಸಿದ್ದ ನಮಗೆ ನದಿ ಮುಗಿಯಲೇ ಇಲ್ಲ. ಆ ಸಂಜೆ ಅಮ್ಮ ಹಿಂದೆ ಕುಳಿತು ಅಡಿಕೆ ಸುಲಿಯುತ್ತಿದ್ದರು. ಸಾಮಾನ್ಯವಾಗಿ ಟಿ.ವಿ.ಯ ಕಡೆ ನೋಡುವವರಲ್ಲ.

"ಇವರೆಲ್ಲ ಯಾರು ಮಕ್ಕಳೇ?" ಎಂದು ಕೇಳಿದರು.

"ಅಣ್ಣ ಕೊಂದವರು ಅಮ್ಮ" ಎಂದ ಚಿಕ್ಕವನು.

"ನೀನೂ ಸೇರಿ" ಎಂದ ದೊಡ್ಡವನು.

ಅಮ್ಮ ಏನೂ ಹೇಳಲಿಲ್ಲ. ಸುಲಿಯುವುದನ್ನು ನಿಲ್ಲಿಸಿ ಕೊನೆಯ ತನಕ ನೋಡಿದರು. ನದಿಯ ಕೊನೆಯಲ್ಲಿ ನಾಯಕ ಬೀಳುತ್ತಾನೆ. ಆಟ ಮುಗಿಯಿತು ಎಂದು ಪರದೆಯೂ ಹೇಳುತ್ತದೆ. ಅದನ್ನು ನಂಬದೆ, ಹತ್ತಿರವಿರುವ ಮರುಜೀವದ ಗುಳಿಗೆಯನ್ನು ಅಲ್ಲಿಯೇ ಉಪಯೋಗಿಸಿದರೆ ಅವನು ಏಳುತ್ತಾನೆ. ನಾವು ಮೂರು ಸಲ ಮೋಸಹೋದೆವು. ಮೂರು ಸಲವೂ ಅವರೆಲ್ಲರ ನಡುವೆ ನಡೆದೆವು.

ಮಾರನೆಯ ದಿನ ಆಟವನ್ನು ಮೊದಲಿನಿಂದ ಹಿಡಿದೆವು, ಈ ಸಲ ಯಾರನ್ನೂ ಕೊಲ್ಲದೆ. ಇದಕ್ಕೆ ನಿದ್ದೆ ಬರಿಸುವ ಪಿಸ್ತೂಲೊಂದು ಆರಂಭದಿಂದಲೇ ಸಿಗುತ್ತದೆ. ತಲೆಗೆ ತಾಗಿದರೆ ತಕ್ಷಣ, ಕೈಕಾಲಿಗೆ ತಾಗಿದರೆ ತಡವಾಗಿ ನಿದ್ದೆ. ಒಂದು ಗುಂಡಿನ ನಂತರ ಮತ್ತೆ ಎಳೆದು ತುಂಬಬೇಕು, ಸದ್ದಡಗಿಸುವ ಕೊಳವೆಯೂ ಸವೆಯುತ್ತದೆ. ಹಾಗಾಗಿ ಒಂದೇ ಏಟಿಗೆ ಗುರಿ ತಾಗಿಸುವ ಅಭ್ಯಾಸ ಬೇಕು. ಮಲಗಿದವನು ಏಳುವ ಮೊದಲು ದಾಟಬೇಕು. ದೊಡ್ಡ ಶತ್ರುಗಳನ್ನೂ ಹೀಗೆಯೇ ದಣಿಸಿ ಗೆಲ್ಲಬಹುದು. ಹಾಗೆ ಗೆದ್ದರೆ ಹಲವರಿಂದ ವಿಶೇಷ ಉಡುಪು ಬಹುಮಾನವಾಗಿ ದೊರೆಯುತ್ತದೆ. ಮೊದಲ ಸಲಕ್ಕಿಂತ ಇದು ಕಷ್ಟ, ಸಮಯವೂ ಹೆಚ್ಚು. ಆದರೆ ಕಾವಲುಗಾರರ ಹೆಜ್ಜೆ, ಮಾತು, ಅವರ ಹಸಿವು ನಮಗೆ ತಿಳಿದದ್ದು ಈ ಎರಡನೆಯ ಸಲವೇ.

ನದಿಗೆ ಬಂದದ್ದು ಒಂದು ಭಾನುವಾರ. ಅಮ್ಮನನ್ನು ಕರೆದು ಕೂರಿಸಿದೆವು. ಕಥೆಯಲ್ಲಿ ಹೇಗೂ ಸಾಯಲೇಬೇಕಾದ ಕೆಲವರು ಬಂದು ಹೋದರು. ಆಮೇಲೆ ಬರೇ ನೀರು, ಮಂಜು.

"ಇಷ್ಟು ಬೇಗ ಮುಗಿಯಿತಾ?" ಎಂದು ಕೇಳಿ ಅಮ್ಮ ಒಲೆಯ ಮೇಲಿನ ಅನ್ನ ನೋಡಲು ಎದ್ದುಹೋದರು.